‘ನಮ್ಮ ಕಡೆ ಡ್ರಗ್ಸ್ ಎಲ್ಲಿ ಅದಾವ್ರೀ?’

(ಜೂನ್ 26ರ ಮಾದಕ ವಸ್ತು ವಿರೋಧಿ ದಿನದಂದು ರಾಯಚೂರಿನ ಒಂದು ಪದವಿ ಕಾಲೇಜಿನಲ್ಲಿ ಆಡಿದ ಮಾತುಗಳ ಬರಹ ರೂಪ. ಎರಡೆರಡು ಸಲ ಹೇಳಿದ್ದನ್ನು ತೆಗೆದಿದ್ದೇನೆ. ಉಳಿದದ್ದು ಹೆಚ್ಚುಕಡಿಮೆ ಆಡಿದ ಹಾಗೇ ಇದೆ.)

ಎಲ್ಲರಿಗೂ ನಮಸ್ಕಾರ. ಹಿಂದಿನ ಬೆಂಚಿಗೂ ಕೇಳಿಸುತ್ತಿದೆ ಅಲ್ವಾ? ಫ್ಯಾನ್ ಸದ್ದು ಜಾಸ್ತಿ ಇದೆ. ಆದರೆ ಈ ಸೆಕೆಯಲ್ಲಿ ಅದನ್ನು ಆರಿಸಿ ಅನ್ನೋ ಧೈರ್ಯ ನನಗಿಲ್ಲ.

ಒಳಗೆ ಬರುವಾಗ ಗೇಟಿನ ಹತ್ತಿರ ಬ್ಯಾನರ್ ನೋಡಿದೆ. ಒಂದು ಸಿರಿಂಜ್, ಒಂದು ತಲೆಬುರುಡೆ, ಪಕ್ಕದಲ್ಲಿ ಗಾಂಜಾ ಎಲೆ. ಈ ದಿನವನ್ನು ವಿಶ್ವಸಂಸ್ಥೆ ಗೊತ್ತುಮಾಡಿದ್ದು 1987ರಲ್ಲಿ. ಅವತ್ತಿನಿಂದ ಇವತ್ತಿನವರೆಗೆ ಚಿತ್ರ ಬದಲಾದಂತೆ ಕಾಣಲಿಲ್ಲ. ಬ್ಯಾನರ್ ಮಾಡಿಸಿದವರನ್ನು ಬೈಯುತ್ತಿಲ್ಲ, ಫ್ಲೆಕ್ಸ್ ಅಂಗಡಿಯಲ್ಲಿ ಸಿಗೋದೇ ಅದು. ಒಂದು ಮಾತು ಕೇಳುತ್ತೇನೆ. ನಿಮ್ಮೂರಲ್ಲಿ, ನಿಮ್ಮ ಓಣಿಯಲ್ಲಿ ಸಿರಿಂಜ್ ಬಿದ್ದಿದ್ದನ್ನು ಎಷ್ಟು ಜನ ನೋಡಿದ್ದೀರಿ? ಒಂದು ಕೈ. ಎರಡು. ಸರಿ. ಸೇಂದಿ ಕವರ್ ನೋಡಿದವರು? ಕೈ ಎತ್ತದೇ ನಗುತ್ತಿದ್ದೀರಿ. ಉತ್ತರ ಸಿಕ್ಕಿತು ಬಿಡಿ.

ನಾನು ಸಮಾಜಶಾಸ್ತ್ರ ಪಾಠ ಮಾಡುವವಳು. ವಿದ್ಯಾರ್ಥಿಗಳನ್ನು ಕರೆದುಕೊಂಡು ಹಳ್ಳಿಗಳಿಗೆ ಹೋಗುತ್ತೇನೆ, ಪ್ರಶ್ನೆ ಕೇಳಿ ಬರೆದುಕೊಳ್ಳುತ್ತೇವೆ. ಒಂದು ಸಲ ತೆಲಂಗಾಣ ಗಡಿಯ ಹತ್ತಿರದ ಹಳ್ಳಿಯೊಂದರ ಕಟ್ಟೆಯ ಮೇಲೆ ಕೂತಿದ್ದ ಒಬ್ಬ ಯಜಮಾನರನ್ನು ನಮ್ಮ ಹುಡುಗಿ ಕೇಳಿದಳು, ‘ನಿಮ್ಮೂರಲ್ಲಿ ಡ್ರಗ್ಸ್ ತೊಗೊಳೋರು ಇದ್ದಾರೇನ್ರೀ?’ ಅವರು ಕಣ್ಣರಳಿಸಿ, ‘ನಮ್ಮ ಕಡೆ ಡ್ರಗ್ಸ್ ಎಲ್ಲಿ ಅದಾವ್ರೀ? ಅವೆಲ್ಲಾ ಬೆಂಗಳೂರು ಹುಡುಗ್ರುದು’ ಅಂದರು. ಹಾಗೆ ಹೇಳುವಾಗ ಅವರ ಕೈಯಲ್ಲಿ ಪ್ಲಾಸ್ಟಿಕ್ ಕವರ್ ಇತ್ತು. ಮೂಲೆಯಲ್ಲಿ ಹಲ್ಲಿನಿಂದ ಕಚ್ಚಿ ತೂತು ಮಾಡಿದ್ದರು. ಒಳಗೆ ಹಾಲಿನಂಥ ಬಿಳಿ ಸೇಂದಿ. ನಮ್ಮ ಹುಡುಗಿ ನಮೂನೆಯಲ್ಲಿ ‘ಇಲ್ಲ’ ಅಂತ ಬರೆದಳು. ಅವಳ ತಪ್ಪಲ್ಲ. ಪ್ರಶ್ನೆ ಹಾಗಿತ್ತು, ಉತ್ತರ ಹಾಗೆ ಬಂತು.

ಇವತ್ತು ನನ್ನ ಮಾತೆಲ್ಲಾ ಈ ‘ಇಲ್ಲ’ದ ಸುತ್ತವೇ. ನಶೆಯ ಬಗ್ಗೆ ಸಂಶೋಧನೆ ಬೇಕಾದಷ್ಟಿದೆ. ಆದರೆ ನಮೂನೆಯಲ್ಲಿ ಯಾವ ಕಾಲಂ ಇರಲ್ಲವೋ ಅದು ಲೆಕ್ಕಕ್ಕೆ ಬರಲ್ಲ. ಲೆಕ್ಕಕ್ಕೆ ಬರದ್ದಕ್ಕೆ ಔಷಧಿಯೂ ಬರಲ್ಲ, ಡಾಕ್ಟರೂ ಬರಲ್ಲ.

ಮೊದಲು ಆ ಕವರ್ ಬಿಚ್ಚಿ ನೋಡೋಣ.

ಸೇಂದಿ ಅಂದರೆ ಈಚಲು ಮರದ ರಸ. ಬೆಳಗಿನ ಜಾವ ಇಳಿಸಿದಾಗ ಸಿಹಿ, ಅದು ನೀರಾ. ಬಿಸಿಲೇರುತ್ತಾ ಹುಳಿಯಾಗುತ್ತದೆ, ಸಂಜೆಗೆ ನಶೆ ಬರುತ್ತದೆ. ಆಗಲೂ ಅದರ ಮದ್ಯದ ಅಂಶ ಬಿಯರ್‌ನಷ್ಟೇ. ಒಂದು ಮರ ಕೊಡೋದು ದಿನಕ್ಕೆ ಕೆಲವೇ ಲೀಟರ್. ಈಗ ನೀವೇ ಹೇಳಿ, ನಮ್ಮ ಜಿಲ್ಲೆಯಲ್ಲಿ ಈಚಲು ಮರ ಎಷ್ಟು ಉಳಿದಿವೆ? ಕಾಲುವೆ ನೀರು ಬಂದ ಕಡೆ ಭತ್ತದ ಗದ್ದೆಯಾಯಿತು, ಬರದ ಕಡೆ ಬಯಲು. ಸೇಂದಿ ಮಾರಾಟಕ್ಕೆ ಇಲ್ಲಿ ಅನುಮತಿಯೂ ಇಲ್ಲ. ಗಡಿಯಾಚೆ ತೆಲಂಗಾಣದಲ್ಲಿದೆ, ಅಲ್ಲಿಂದ ಇಲ್ಲಿಗೆ ಬರುತ್ತದೆ. ಮರ ಕಡಿಮೆ, ಕುಡಿಯುವವರು ಜಾಸ್ತಿ. ನಡುವಿನ ಅಂತರ ತುಂಬೋದು ಬೋರ್‌ವೆಲ್ ನೀರು, ಸಿಹಿಗೆ ಸ್ಯಾಕರಿನ್, ಮತ್ತು ನಮ್ಮಲ್ಲಿ ಚಿಕ್ಕ ಹುಡುಗರಿಗೂ ಗೊತ್ತಿರುವ ಸಿಎಚ್ ಪೌಡರ್.

ಸಿಎಚ್ ಅಂದರೆ ಕ್ಲೋರಲ್ ಹೈಡ್ರೇಟ್. ಇದರ ಕಥೆ ಸ್ವಲ್ಪ ಹೇಳಬೇಕು. 1832ರಲ್ಲಿ ಜರ್ಮನಿಯ ರಸಾಯನ ವಿಜ್ಞಾನಿ ಯುಸ್ಟಸ್ ಫಾನ್ ಲೀಬಿಗ್ ಮೊದಲು ತಯಾರಿಸಿದ. ಏನಕ್ಕೆ ಅಂತ ಅವನಿಗೇ ಗೊತ್ತಿರಲಿಲ್ಲ. 1869ರಲ್ಲಿ ಬರ್ಲಿನ್‌ನ ಆಸ್ಕರ್ ಲೀಬ್ರೈಕ್ ಇದು ನಿದ್ದೆ ಬರಿಸುತ್ತದೆ ಎಂದು ತೋರಿಸಿದ. ಪ್ರಯೋಗಾಲಯದಲ್ಲಿ ಮಾಡಿದ ನಿದ್ದೆ ಔಷಧಿಗಳಲ್ಲಿ ಇದೇ ಮೊದಲನೆಯದು. ಯುರೋಪಿನ ದೊಡ್ಡಮನೆ ಹೆಂಗಸರು, ಕವಿಗಳು ಇದನ್ನು ಕುಡಿದು ಮಲಗಿದರು. ಆಮೇಲೆ ಇದಿಲ್ಲದೆ ಮಲಗೋದನ್ನೇ ಮರೆತರು. ಅದಕ್ಕಿಂತ ಒಳ್ಳೆಯ ಔಷಧಿಗಳು ಬಂದ ಮೇಲೆ ವೈದ್ಯರು ಹೆಚ್ಚುಕಡಿಮೆ ಕೈಬಿಟ್ಟರು. ಜರ್ಮನಿಯಲ್ಲಿ ಹುಟ್ಟಿದ ಆ ಪುಡಿ ಕೃಷ್ಣಾ ನದಿ ದಂಡೆಯ ಮಡಕೆಗೆ ಬಂದು ಕೂತಿದೆ. ಜೊತೆಗೆ ಡೈಜೆಪಾಮ್, ಅಲ್ಪ್ರಾಜೋಲಂ ಎಂಬ ನಿದ್ದೆ ಮಾತ್ರೆಗಳ ಪುಡಿಯೂ ಸೇಂದಿಯಲ್ಲಿ ಸಿಕ್ಕಿದೆ.

ಅಲ್ಪ್ರಾಜೋಲಂ ಬಗ್ಗೆ ಒಂದು ಸಣ್ಣ ಲೆಕ್ಕ. 1985ರ ಮಾದಕ ವಸ್ತು ಕಾಯ್ದೆಯಲ್ಲಿ, ಅಂದರೆ ಎನ್‌ಡಿಪಿಎಸ್ ಕಾಯ್ದೆಯಲ್ಲಿ, ಇದರ ‘ಸಣ್ಣ ಪ್ರಮಾಣ’ 5 ಗ್ರಾಂ. ಒಂದು ಟೀ ಚಮಚ ತುಂಬಿದಷ್ಟು ಅಂದುಕೊಳ್ಳಿ. ಡಾಕ್ಟರು ಬರೆದುಕೊಡೋ ಮಾತ್ರೆ ಅರ್ಧ ಮಿಲಿಗ್ರಾಂನದ್ದಾದರೆ 5 ಗ್ರಾಂ ಶುದ್ಧ ಪುಡಿಯಲ್ಲಿ 10,000 ಮಾತ್ರೆ ಆಗುತ್ತದೆ. ಈ ಪುಡಿಯನ್ನು ಮಡಕೆಗೆ ಹಾಕುವವನ ಕೈಯಲ್ಲಿ ತಕ್ಕಡಿ ಇರಲ್ಲ. ಅವನದು ಚಿಟಿಕೆ ಲೆಕ್ಕ. ನಿನ್ನೆಯ ಚಿಟಿಕೆ ಬೇರೆ, ಇವತ್ತಿನದು ಬೇರೆ.

ಈಗ ನಮ್ಮ ಮನೆಯ ವಿಷಯ ಹೇಳುತ್ತೇನೆ. ಸಂಕೋಚ ಇದೆ, ಆದರೂ ಹೇಳುತ್ತೇನೆ.

ನಮ್ಮ ಸೋದರಮಾವ ಹತ್ತಿ ಮಾರ್ಕೆಟ್ಟಿನಲ್ಲಿ ಹಮಾಲಿ. ಎತ್ತರದ ಆಳು. ಅಂಡಿಗೆಗೆ, ಅಂದರೆ ಹತ್ತಿ ಮೂಟೆಗೆ, ಕೊಕ್ಕೆ ಹಾಕಿ ಒಂದೇ ಉಸಿರಿಗೆ ಬೆನ್ನ ಮೇಲೆ ಹೊತ್ತುಕೊಳ್ಳುತ್ತಿದ್ದ. ನಾನು ಮೂರನೇ ಕ್ಲಾಸಿನಲ್ಲಿದ್ದಾಗ ಸಂಜೆ ಅವನಿಗೆ ಸೇಂದಿ ತರಲು ಹೋಗುತ್ತಿದ್ದದ್ದು ನಾನೇ. ಆಗ ಅಂಗಡಿಗಳು ಬಹಿರಂಗವಾಗಿಯೇ ಇದ್ದವು, ಸರ್ಕಾರವೇ ಹರಾಜು ಹಾಕುತ್ತಿತ್ತು. ಸ್ಟೀಲ್ ತಂಬಿಗೆ ಹಿಡಿದು ನಿಂತರೆ ಅಂಗಡಿಯವರು ತುಂಬಿ ಕೊಡುತ್ತಿದ್ದರು. ಚಿಲ್ಲರೆ ಉಳಿದರೆ ನನಗೆ ಪೆಪ್ಪರ್‌ಮೆಂಟ್. ಯಾರಿಗೂ ಇದು ತಪ್ಪು ಅನಿಸಿರಲಿಲ್ಲ. ಸೇಂದಿ ಮೈಗೆ ತಂಪು ಅನ್ನೋರು ನಮ್ಮಜ್ಜಿ.

ಒಂದು ದಿನ ಅಂಡಿಗೆ ಉರುಳಿ ಮಾವನ ಕಾಲಿನ ಮೂಳೆ ಮುರಿಯಿತು. ಒಂದು ಆಸ್ಪತ್ರೆಗೆ ಸೇರಿಸಿದರು. ಮೊದಲ ದಿನ ಚೆನ್ನಾಗಿದ್ದ. ಎರಡನೇ ದಿನ ಕೈ ನಡುಗಲು ಶುರುವಾಯಿತು, ಮೈಯೆಲ್ಲಾ ಬೆವರು. ಕಾಲು ನೋವಿಗೆ ಇರಬೇಕು ಅಂದರು. ಮೂರನೇ ದಿನ ರಾತ್ರಿ ಮಾವ ಚಾದರದ ಮೇಲಿಂದ ಇರುವೆ ಆರಿಸಿ ಬಿಸಾಡತೊಡಗಿದ. ಅಲ್ಲಿ ಇರುವೆ ಇರಲಿಲ್ಲ. ಆಮೇಲೆ ಎದ್ದು ಕೂತು ಬಲಗೈಯನ್ನು ಕೊಕ್ಕೆಯ ಹಾಗೆ ಬಗ್ಗಿಸಿ, ಗಾಳಿಯಲ್ಲಿ ಚುಚ್ಚಿ, ಬೆನ್ನಿಗೆ ಎಳೆದುಕೊಳ್ಳುತ್ತಿದ್ದ. ಮತ್ತೆ ಚುಚ್ಚೋದು, ಮತ್ತೆ ಎಳೆಯೋದು. ಇಡೀ ರಾತ್ರಿ ಇಲ್ಲದ ಅಂಡಿಗೆ ಹೊತ್ತ. ‘ಲಾರಿ ಹೊಂಟೈತಿ, ಬೇಗ ಹಾಕ್ರಲೇ’ ಅಂತ ಕೂಗುತ್ತಿದ್ದ. ಮುರಿದ ಕಾಲು ಮಂಚದಿಂದ ಕೆಳಗೆ ನೇತಾಡುತ್ತಿತ್ತು, ಅದರ ನೋವು ಅವನಿಗೆ ಗೊತ್ತೇ ಆಗುತ್ತಿರಲಿಲ್ಲ. ಬೆಳಗಿನ ಜಾವ ಫಿಟ್ಸ್ ಬಂತು.

ಆಸ್ಪತ್ರೆಯವರು ಕೈಕಾಲು ಕಟ್ಟಿದರು. ಕೇಸ್ ಶೀಟಿನಲ್ಲಿ ‘ಗಲಾಟೆ ಮಾಡುವ ರೋಗಿ’ ಎಂಬ ಅರ್ಥ ಬರುವ ಹಾಗೆ ಏನೋ ಬರೆದರು. ಗಾಳಿ ಸೋಕಿದೆ ಅಂದರು ನಮ್ಮವರು. ನಿಂಬೆಹಣ್ಣು ಇಳಿ ತೆಗೆದರು, ದರ್ಗಾದಿಂದ ತಾಯತ ತಂದರು. ‘ಇವರು ದಿನಾ ಏನು ಕುಡಿಯುತ್ತಿದ್ದರು, ಯಾವತ್ತು ನಿಂತಿತು?’ ಈ ಒಂದು ಪ್ರಶ್ನೆಯನ್ನು ಅಲ್ಲಿ ಯಾರೂ ಕೇಳಲಿಲ್ಲ. ನಾವೂ ಹೇಳಲಿಲ್ಲ. ಹೇಳುವಂಥ ವಿಷಯ ಅಂತ ನಮಗೆ ಹೊಳೆದಿದ್ದರೆ ತಾನೇ?

ಅದಕ್ಕೆ ವಿತ್‌ಡ್ರಾವಲ್ ಎಂಬ ಹೆಸರಿದೆ ಅಂತ ನನಗೆ ಗೊತ್ತಾಗಿದ್ದು ಎಷ್ಟೋ ವರ್ಷದ ಮೇಲೆ. ಇದು ನಶೆ ಅಲ್ಲ, ನಶೆ ನಿಂತಾಗ ಬರುವ ಕಾಯಿಲೆ. ಸನ್ನಿ ಹಿಡಿದಾಗ ಮನುಷ್ಯ ತಾನು ದಿನಾ ಮಾಡುವ ಕೆಲಸವನ್ನೇ ಮಾಡುತ್ತಾನೆ, ಟೇಲರ್ ಆದರೆ ಬಟ್ಟೆ ಹೊಲಿಯುತ್ತಾನೆ, ಡ್ರೈವರ್ ಆದರೆ ಗೇರ್ ಹಾಕುತ್ತಾನೆ ಎಂದು ವೈದ್ಯರು ಬಹಳ ಹಿಂದೆಯೇ ಬರೆದಿಟ್ಟಿದ್ದಾರೆ. ಅದನ್ನು ಓದಿದ ದಿನ ಪುಸ್ತಕ ಮುಚ್ಚಿಟ್ಟು ಸುಮ್ನೆ ಕೂತಿದ್ದೆ.

ಹೀಗೆ ಯಾಕಾಗುತ್ತದೆ ಅಂತ ಲಾರಿ ಭಾಷೆಯಲ್ಲೇ ಹೇಳುತ್ತೇನೆ. ಮೆದುಳಿನಲ್ಲಿ ಒಂದು ಬ್ರೇಕ್ ಇದೆ. ಗಾಬಾ ಅಂತ ಅದರ ಹೆಸರು. ಮದ್ಯ, ಕ್ಲೋರಲ್, ಡೈಜೆಪಾಮ್, ಅಲ್ಪ್ರಾಜೋಲಂ ಎಲ್ಲವೂ ಒತ್ತೋದು ಆ ಬ್ರೇಕನ್ನೇ. ವರ್ಷಗಟ್ಟಲೆ ಬ್ರೇಕ್ ಮೇಲೆ ಕಾಲಿಟ್ಟರೆ ಗಾಡಿ ನಿಂತುಹೋಗಬೇಕು. ಮೆದುಳು ನಿಲ್ಲಲು ಬಿಡಲ್ಲ. ಅದೂ ಎಕ್ಸಲರೇಟರ್ ಒತ್ತುತ್ತಾ ಹೋಗುತ್ತದೆ. ಎರಡೂ ಒತ್ತಿಕೊಂಡೇ ಗಾಡಿ ಓಡುತ್ತಿರುತ್ತದೆ. ಒಂದು ದಿನ ಸೇಂದಿ ನಿಲ್ಲುತ್ತದೆ. ಬ್ರೇಕ್ ಮೇಲಿನ ಕಾಲು ಹೋಯಿತು, ಎಕ್ಸಲರೇಟರ್ ಮೇಲಿನ ಕಾಲು ಹಾಗೇ ಇದೆ. ನಡುಕ, ಬೆವರು, ಇಲ್ಲದ್ದು ಕಾಣೋದು, ಫಿಟ್ಸ್, ಕೆಲವೊಮ್ಮೆ ಸಾವು.

2015ರ ಸೆಪ್ಟೆಂಬರ್‌ನಲ್ಲಿ ತೆಲಂಗಾಣದಲ್ಲಿ ಇದನ್ನು ಊರೂರೇ ನೋಡಿತು. ಅಬಕಾರಿ ಇಲಾಖೆ ಕಲಬೆರಕೆ ಸೇಂದಿಯ ಮೇಲೆ ದಾಳಿ ಬಿಗಿ ಮಾಡಿತು. ಕೆಲಸ ಸರಿಯಾದದ್ದೇ. ಕೆಲವೇ ದಿನಗಳಲ್ಲಿ ನಿಜಾಮಾಬಾದ್, ಮೆಹಬೂಬ್‌ನಗರ ಕಡೆಯ ಆಸ್ಪತ್ರೆಗಳಿಗೆ ಜನ ಸಾಲುಗಟ್ಟಿದರು. ಫಿಟ್ಸ್ ಬಂದವರು, ತಮ್ಮಷ್ಟಕ್ಕೆ ಮಾತಾಡುವವರು, ಮನೆಯವರನ್ನು ಗುರುತು ಹಿಡಿಯದವರು. ಸಾವುಗಳೂ ಆದವು. ಮೆಹಬೂಬ್‌ನಗರ ಆಗ ನಮ್ಮ ಪಕ್ಕದ ಜಿಲ್ಲೆ. ಅಲ್ಲಿಗೂ ಇಲ್ಲಿಗೂ ಬೀಗತನ ಇದೆ. ದಾಳಿ ಮಾಡುವ ಮೊದಲು ಆಸ್ಪತ್ರೆಗೆ ಮಾತ್ರೆ ತರಿಸಿಡಬೇಕಿತ್ತು ಅಂತ ಯಾರ ತಲೆಗೂ ಬರದೇ ಇದ್ದದ್ದು ಯಾಕೆ? ಎಷ್ಟು ಜನ ಇದಕ್ಕೆ ಸಿಕ್ಕಿಬಿದ್ದಿದ್ದಾರೆ ಅಂತ ಯಾವ ನಮೂನೆಯಲ್ಲೂ ಇರಲಿಲ್ಲ, ಅದಕ್ಕೆ.

ಹಾಗಾದರೆ ದೊಡ್ಡ ಲೆಕ್ಕಗಳು ಏನು ಹೇಳುತ್ತವೆ? 2019ರ ಫೆಬ್ರವರಿಯಲ್ಲಿ ಕೇಂದ್ರ ಸಾಮಾಜಿಕ ನ್ಯಾಯ ಸಚಿವಾಲಯ ಒಂದು ರಾಷ್ಟ್ರೀಯ ಸಮೀಕ್ಷೆಯ ವರದಿ ಬಿಡುಗಡೆ ಮಾಡಿತು. ಮಾಡಿದವರು ದೆಹಲಿ ಏಮ್ಸ್‌ನವರು. 186 ಜಿಲ್ಲೆ, 2 ಲಕ್ಷ ಮನೆ, 4.7 ಲಕ್ಷಕ್ಕೂ ಹೆಚ್ಚು ಜನರ ಜೊತೆ ಮಾತುಕತೆ. ಒಳ್ಳೆಯ ಕೆಲಸ, ನಾನು ತರಗತಿಯಲ್ಲಿ ಅದನ್ನೇ ಪಾಠ ಮಾಡುತ್ತೇನೆ. 10ರಿಂದ 75 ವರ್ಷದವರಲ್ಲಿ 14.6% ಮದ್ಯ ಕುಡಿಯುತ್ತಾರೆ, ಸುಮಾರು 16 ಕೋಟಿ ಜನ. ಗಾಂಜಾ, ಭಂಗಿ ಸೇರಿ 2.8%. ಅಫೀಮು, ಹೆರಾಯಿನ್ ಜಾತಿಯವು 2.1%. ವೈದ್ಯರು ಹೇಳದೆಯೇ ನಿದ್ದೆ ಮಾತ್ರೆ ನುಂಗುವವರು 1% ಚಿಲ್ಲರೆ. ಮದ್ಯದ ಚಟ ಅಂಟಿಕೊಂಡ 38 ಜನರಲ್ಲಿ ಒಬ್ಬರಿಗೆ ಮಾತ್ರ ಏನೋ ಒಂದು ಚಿಕಿತ್ಸೆ ಸಿಕ್ಕಿದೆ. ಈ ಕೊನೆಯ ಅಂಕಿಯನ್ನು ಯಾರಾದರೂ ಗೋಡೆ ಮೇಲೆ ಬರೆಸಿದರೆ ಬ್ಯಾನರಿನ ತಲೆಬುರುಡೆಗಿಂತ ಹೆಚ್ಚು ಹೆದರಿಸುತ್ತದೆ.

ಮನೆಮನೆಗೆ ಹೋಗಿ ‘ನೀವು ಹೆರಾಯಿನ್ ತಗೋತೀರಾ’ ಅಂದರೆ ಯಾರೂ ಹೂಂ ಅನ್ನಲ್ಲ, ಇದು ಆ ಸಂಶೋಧಕರಿಗೂ ಗೊತ್ತಿತ್ತು. ಅದಕ್ಕೆ ಇನ್ನೊಂದು ಉಪಾಯ ಮಾಡಿದರು. ನಶೆ ಮಾಡುವ ಒಬ್ಬನನ್ನು ಹುಡುಕಿ, ಮಾತಾಡಿಸಿ, ಕೈಗೆ ಕೂಪನ್ ಕೊಟ್ಟು ‘ನಿನ್ನ ದೋಸ್ತಿಗಳಿಗೆ ಕೊಡು’ ಅನ್ನೋದು. ಅವರು ಬಂದರೆ ಅವರ ಕೈಗೂ ಕೂಪನ್. ಸರಪಳಿ ಬೆಳೆಯುತ್ತದೆ. ಹೀಗೆ 70 ಸಾವಿರಕ್ಕೂ ಹೆಚ್ಚು ಜನರನ್ನು ಮಾತಾಡಿಸಿದರು. ಮನೆ ಬಾಗಿಲಲ್ಲಿ ಸಿಗದವರು ಗೆಳೆಯರ ಬಾಗಿಲಲ್ಲಿ ಸಿಕ್ಕರು.

ಇಷ್ಟೆಲ್ಲಾ ಮಾಡಿದರೂ ಗಡಿ ಹಳ್ಳಿಯ ಆ ಯಜಮಾನರನ್ನು ಎಲ್ಲಿ ಬರೆಯುತ್ತೀರಿ? ‘ಮದ್ಯ ಕುಡಿಯುತ್ತೀರಾ?’ ‘ಸೇಂದಿ ಕುಡೀತೀನ್ರಿ.’ ಮದ್ಯದ ಕಾಲಂಗೆ ಹೋದರು. ‘ನಿದ್ದೆ ಮಾತ್ರೆ?’ ‘ಇಲ್ರಿ, ಮಾತ್ರೆ ಯಾಕ, ಮಲಗಿದ್ರ ನಿದ್ದೆ ಬರ್ತದ.’ ಅವರು ಸುಳ್ಳು ಹೇಳುತ್ತಿಲ್ಲ. ತಾವು ದಿನಾ ಮಾತ್ರೆ ಕುಡಿಯುತ್ತಿದ್ದೇವೆ ಅಂತ ಅವರಿಗೇ ಗೊತ್ತಿಲ್ಲ. ಇನ್ನು ಗುಳೆ ಹೋದವರ ಮನೆಗೆ ಬೀಗ. ದೇವದುರ್ಗ, ಲಿಂಗಸುಗೂರು ಕಡೆ ಸುಗ್ಗಿ ಮುಗಿದ ಮೇಲೆ ಬಾಗಿಲು ತಟ್ಟಿ ನೋಡಿ. ಮುದುಕರು, ಮಕ್ಕಳು, ನಾಯಿ. ಕುಡಿಯುವ ವಯಸ್ಸಿನವರೆಲ್ಲಾ ಬೆಂಗಳೂರಿನ ಕಟ್ಟಡಗಳ ಮೇಲೆ ಇರುತ್ತಾರೆ.

ಸಮೀಕ್ಷೆಯ ಪ್ರಕಾರ ಮದ್ಯ ಕುಡಿಯುವ ಹೆಂಗಸರು 1.6%. ಸೇಂದಿ ಕುಡಿಯುವ ಊರುಗಳಲ್ಲಿ ನಾನು ಕಂಡದ್ದಕ್ಕೂ ಇದಕ್ಕೂ ತಾಳೆಯಾಗಲ್ಲ. ನಾಟಿ ಮಾಡಿ ಸೊಂಟ ಹಿಡಿದು ಬರುವ ಹೆಂಗಸರು ‘ಮೈ ನೋವಿಗೆ’ ಅಂತ ಕುಡಿಯುತ್ತಾರೆ. ಅದನ್ನು ಅವರು ಕುಡಿತ ಅನ್ನಲ್ಲ. ಒಬ್ಬ ತಾಯಿ ನನ್ನ ಜೊತೆ ಮಾತಾಡುತ್ತಾ, ಹೊಲದ ಬದುವಿನಲ್ಲಿ ಕೂಸು ಅಳದೇ ಮಲಗಲಿ ಅಂತ ಒಂದು ಬೆರಳು ಸೇಂದಿಯಲ್ಲಿ ಅದ್ದಿ ಬಾಯಿಗೆ ಇಡುತ್ತಿದ್ದೆ ಅಂದಳು. ಹೇಳುವಾಗ ಅವಳ ಮುಖದಲ್ಲಿ ತಪ್ಪಿತಸ್ಥ ಭಾವ ಇರಲಿಲ್ಲ. ಅವಳಿಗೂ ಹಾಗೆಯೇ ಮಾಡಿದ್ದರಂತೆ.

ಕಾಲಂ ತಪ್ಪಿದರೆ ಏನಾಗುತ್ತದೆ ಅನ್ನೋದಕ್ಕೆ ಒಂದು ಹಳೆಯ ಕಥೆ ಇದೆ. 1893ರಲ್ಲಿ ಬ್ರಿಟಿಷ್ ಸರ್ಕಾರ ಗಾಂಜಾ, ಚರಸ್, ಭಂಗಿಯಿಂದ ಜನರ ಮೈಗೆ, ಮನಸ್ಸಿಗೆ, ನಡತೆಗೆ ಏನಾಗುತ್ತದೆ ಎಂದು ನೋಡಲು ಒಂದು ಆಯೋಗ ಮಾಡಿತು. ಏಳು ಜನ ಸದಸ್ಯರು, 1,193 ಸಾಕ್ಷಿಗಳು. ಗಾಂಜಾ ಸೇದಿದರೆ ಹುಚ್ಚು ಹಿಡಿಯುತ್ತದೆ ಅನ್ನೋದಕ್ಕೆ ಆಗ ಎಲ್ಲರೂ ತೋರಿಸುತ್ತಿದ್ದದ್ದು ಹುಚ್ಚಾಸ್ಪತ್ರೆಗಳ ದಾಖಲೆ. ಕಾರಣ ಎಂಬ ಕಾಲಂನಲ್ಲಿ ‘ಗಾಂಜಾ’ ಅಂತ ನೂರಾರು ಹೆಸರುಗಳ ಮುಂದೆ ಬರೆದಿತ್ತು. ಆಯೋಗದವರು ಒಂದು ಕೆಲಸ ಮಾಡಿದರು. 1892ರಲ್ಲಿ ಸೇರಿದ ಒಬ್ಬೊಬ್ಬ ರೋಗಿಯ ಹಿಂದೆ ಬಿದ್ದು, ಈ ‘ಗಾಂಜಾ’ ಅಂತ ಬರೆದವರು ಯಾರು ಅಂತ ಹುಡುಕಿದರು. ಎಷ್ಟೋ ಕಡೆ ಬರೆದಿದ್ದು ಡಾಕ್ಟರೇ ಅಲ್ಲ, ಹಿಡಿದು ತಂದ ಪೊಲೀಸ್. ಬೀದಿಯಲ್ಲಿ ಸಿಕ್ಕ ಅನಾಥ, ಕಾರಣ ಗೊತ್ತಿಲ್ಲ, ಕಾಲಂ ಖಾಲಿ ಬಿಡುವ ಹಾಗಿಲ್ಲ, ‘ಗಾಂಜಾ’ ಅಂತ ಬರೆ. ಹೀಗೆ ಬರೆದ ಪ್ರಕರಣಗಳಲ್ಲಿ ಅರ್ಧಕ್ಕಿಂತ ಜಾಸ್ತಿ ಪರೀಕ್ಷೆಗೆ ನಿಲ್ಲಲಿಲ್ಲ. ಮಿತವಾಗಿ ಸೇವಿಸಿದರೆ ಹೇಳಿಕೊಳ್ಳುವಂಥ ಹಾನಿ ಕಾಣಲಿಲ್ಲ, ಅತಿಯಾದರೆ ಹಾನಿ ಇದೆ ಎಂದು 1894ರಲ್ಲಿ ವರದಿ ಕೊಟ್ಟರು. ಸರ್ಕಾರಕ್ಕೆ ಗಾಂಜಾ ತೆರಿಗೆಯ ಮೇಲೆ ಕಣ್ಣಿತ್ತು ಅನ್ನೋದನ್ನೂ ಮರೆಯಬಾರದು. ಇದನ್ನು ಕೇಳಿ ಹಿಂದಿನ ಬೆಂಚಿನವರು ಖುಷಿಪಡಬೇಡಿ. ಅದು 130 ವರ್ಷ ಹಿಂದಿನ ವೈದ್ಯಶಾಸ್ತ್ರ. ಹದಿವಯಸ್ಸಿನಲ್ಲಿ ಗಾಂಜಾ ಶುರುಮಾಡಿದರೆ ಮನೋರೋಗದ ಅಪಾಯ ಹೆಚ್ಚುತ್ತದೆ ಅನ್ನೋದು ಈಗ ಗೊತ್ತಾಗಿದೆ. ನಾನು ಹೇಳಿದ್ದು ಆ ಖಾಲಿ ಕಾಲಂ ಬಗ್ಗೆ. ನಮ್ಮ ಮಾವನ ಕೇಸ್ ಶೀಟಿಗೂ ಆದದ್ದು ಅದೇ.

ಗಾಂಜಾ ಮಾತು ಬಂತಲ್ಲ, ಅದನ್ನು ಬೇಗ ಮುಗಿಸುತ್ತೇನೆ. ನಮ್ಮ ಭಾಗದ ಕೆಲವು ಅವಧೂತ, ಆರೂಢ ಪರಂಪರೆಗಳಲ್ಲಿ ಚಿಲುಮೆ ಹೊಸದಲ್ಲ. ಅದನ್ನು ತೋರಿಸಿ ಇಡೀ ಪರಂಪರೆಯನ್ನು ಹಳಿಯೋದೂ ಬೇಡ, ಅದರ ಹೆಸರು ಹೇಳಿಕೊಂಡು ಹಾಸ್ಟೆಲ್ ಟೆರೇಸಿನಲ್ಲಿ ಸೇದೋದೂ ಬೇಡ. ಕಾನೂನಿಗೆ ಗಾಂಜಾ ಅಂದರೆ ಆ ಗಿಡದ ಹೂಗೊಂಚಲು, 1 ಕೆಜಿವರೆಗೆ ಸಣ್ಣ ಪ್ರಮಾಣ, 20 ಕೆಜಿ ಮೀರಿದರೆ ವಾಣಿಜ್ಯ ಪ್ರಮಾಣ. ಸೇದಿ ಸಿಕ್ಕಿಬಿದ್ದರೂ ಆರು ತಿಂಗಳವರೆಗೆ ಜೈಲು ಅಥವಾ ದಂಡ ಆಗಬಹುದು. ಅದೇ ಕಾಯ್ದೆಯ 64ಎ ಕಲಂ ಬಗ್ಗೆ ಮಾತ್ರ ಯಾರೂ ಭಾಷಣ ಮಾಡಲ್ಲ. ಚಟಕ್ಕೆ ಸಿಕ್ಕವನು ತಾನಾಗಿ ಚಿಕಿತ್ಸೆಗೆ ಬಂದು, ಅದನ್ನು ಪೂರ್ತಿ ಮಾಡಿದರೆ ಸೇವನೆಯ ಕೇಸಿನಿಂದ ರಕ್ಷಣೆ ಇದೆ ಅನ್ನುತ್ತದೆ ಅದು.

ಪಂಕ್ಚರ್ ಅಂಗಡಿಯ ಸೊಲ್ಯೂಷನ್ ಬಟ್ಟೆಗೆ ಹಾಕಿ ಮೂಸುವ ಮಕ್ಕಳದೂ ಒಂದು ಮಾತು. ಸಮೀಕ್ಷೆಯಲ್ಲಿ ದೊಡ್ಡವರಿಗಿಂತ ಮಕ್ಕಳಲ್ಲೇ ಜಾಸ್ತಿ ಕಂಡ ನಶೆ ಇದೊಂದೇ, 10ರಿಂದ 17 ವರ್ಷದವರಲ್ಲಿ 1.17%. ನಮ್ಮ ರೈಲ್ವೆ ಸ್ಟೇಷನ್ನಿಗೆ ಹೋದರೆ ಅಂಕಿಯ ಅಗತ್ಯ ಇರಲ್ಲ. ಹಸಿವು ಗೊತ್ತಾಗಲ್ಲ ಮೇಡಂ ಅಂದಿದ್ದ ಒಬ್ಬ ಹುಡುಗ.

ಈಗ ದುಡ್ಡಿನ ವಿಷಯ. ಸಾಮಾಜಿಕ ಪರಿಣಾಮ ಅಂತ ನಿಮ್ಮ ಸಿಲಬಸ್ಸಿನಲ್ಲಿ ಇದೆಯಲ್ಲ, ಅದು ಕಣ್ಣಿಗೆ ಕಾಣೋದು ಇಲ್ಲೇ.

ಬೆಂಗಳೂರಿನ ನಿಮ್ಹಾನ್ಸ್‌ನವರು 2000ದಲ್ಲಿ ಒಂದು ಅಧ್ಯಯನ ಪ್ರಕಟಿಸಿದರು. ಕುಡಿತ ಬಿಡಲು ಸೇರಿದ್ದ 113 ಜನರ ಲೆಕ್ಕ. ತಿಂಗಳ ಸರಾಸರಿ ಗಳಿಕೆ ಸುಮಾರು 1,660 ರೂಪಾಯಿ. ಕುಡಿತದಿಂದ ಆಗುತ್ತಿದ್ದ ತಿಂಗಳ ಖರ್ಚು ಸುಮಾರು 1,940 ರೂಪಾಯಿ. ಮೊದಲ ಸಲ ಓದಿದಾಗ ಅಚ್ಚಿನ ತಪ್ಪು ಇರಬೇಕು ಅಂದುಕೊಂಡೆ. ಗಳಿಸಿದ್ದಕ್ಕಿಂತ ಜಾಸ್ತಿ ಕುಡಿಯೋದು ಹೇಗೆ? ಮೇಲಿನ ದುಡ್ಡು ಎಲ್ಲಿಂದ? ಉತ್ತರವೂ ಅದರಲ್ಲೇ ಇತ್ತು. ಅರ್ಧಕ್ಕಿಂತ ಹೆಚ್ಚು ಜನರನ್ನು ಮನೆಯ ಬೇರೆಯವರ ದುಡಿಮೆ ಸಾಕುತ್ತಿತ್ತು. ತಿಂಗಳಿಗೆ 12 ದಿನ ಅವರು ಕೆಲಸಕ್ಕೇ ಹೋಗುತ್ತಿರಲಿಲ್ಲ.

ನನಗೆ ನಮ್ಮ ಅತ್ತೆ ನೆನಪಾದಳು. ಜಿನ್ನಿಂಗ್ ಫ್ಯಾಕ್ಟರಿಯಲ್ಲಿ ಹತ್ತಿ ಆರಿಸಲು ಹೋಗುತ್ತಿದ್ದಳು. ಕೂದಲು, ರೆಪ್ಪೆ, ರವಿಕೆ ಎಲ್ಲಾ ಬಿಳಿ. ವಾರದ ಬಟವಾಡೆಯನ್ನು ಜೋಳದ ಗಡಿಗೆಯಲ್ಲಿ ಹೂತಿಡುತ್ತಿದ್ದಳು. ಮಾವ ಗಡಿಗೆ ಕಂಡುಹಿಡಿದ. ಆಮೇಲೆ ಕಿರಾಣಿ ಅಂಗಡಿಯವರ ಹತ್ತಿರವೇ ಮುಂಗಡ ಕೊಟ್ಟುಬಿಡುತ್ತಿದ್ದಳು, ಮನೆಗೆ ದುಡ್ಡೇ ಬರಬಾರದು ಅಂತ. ಅಂಗಡಿಯ ಉದ್ದರಿ ಪುಸ್ತಕದಲ್ಲಿ ಒಂದು ಪುಟ ಅವಳದು, ಅದರ ಎದುರು ಪುಟ ಮಾವನದು. ಎಡಗಡೆ ಜಮೆ, ಬಲಗಡೆ ಖರ್ಚು. ಮಾವ ಬೀಡಿ, ಸೇಂದಿಗೆ ಅಂತ ಅಂಗಡಿಯವರ ಹತ್ತಿರವೇ ಕೈಸಾಲ ಪಡೆಯುತ್ತಿದ್ದ. ಇಬ್ಬರಿಗೂ ಇನ್ನೊಬ್ಬರ ಪುಟದ ಸುದ್ದಿ ಇರಲಿಲ್ಲ. ಸಂಶೋಧನೆ ಮಾಡುವವರಿಗೆ ನಾನು ಇದನ್ನೇ ಹೇಳೋದು. ‘ನಿಮ್ಮ ಗಂಡ ಎಷ್ಟು ಕುಡಿಯುತ್ತಾರೆ’ ಅಂತ ಕೇಳಬೇಡಿ. ಕಿರಾಣಿ ಅಂಗಡಿಯ ಬಾಕಿ ಎಷ್ಟು, ಕಿವಿಯ ಬೆಂಡೋಲೆ ಯಾವಾಗ ಅಡವಿಟ್ಟಿರಿ, ದೊಡ್ಡ ಹುಡುಗಿ ಶಾಲೆ ಬಿಟ್ಟಿದ್ದು ಯಾವ ಕ್ಲಾಸಿಗೆ, ಇವನ್ನು ಕೇಳಿ. ಇವಕ್ಕೆ ಯಾರೂ ಸುಳ್ಳು ಹೇಳಲ್ಲ.

ಲೆಕ್ಕ ಎಲ್ಲರಿಗಿಂತ ಮೊದಲು ಗೊತ್ತಾಗಿದ್ದು ಹೆಣ್ಣುಮಕ್ಕಳಿಗೆ. ರಾಜ್ಯದಲ್ಲಿ ಸಾರಾಯಿ ನಿಂತಿದ್ದು 2007ರ ಜುಲೈ 1ಕ್ಕೆ. ಪ್ಯಾಕೆಟ್ ಹೋಗಿ ಬಾಟಲಿ ಬಂತು ಅಷ್ಟೇ ಅಂದರು ಇವರು. 2019ರ ಜನವರಿ ಚಳಿಯಲ್ಲಿ ಸಾವಿರಾರು ಹೆಂಗಸರು ಮದ್ಯ ನಿಷೇಧಕ್ಕಾಗಿ ಚಿತ್ರದುರ್ಗದಿಂದ ಬೆಂಗಳೂರಿನವರೆಗೆ ನಡೆದರು. ನಮ್ಮ ಜಿಲ್ಲೆಯವರೂ ಅದರಲ್ಲಿ ದೊಡ್ಡ ಸಂಖ್ಯೆಯಲ್ಲಿದ್ದರು. ಇಲ್ಲಿನ ಒಬ್ಬ ಹೆಣ್ಣುಮಗಳು ದಾರಿಯಲ್ಲೇ ಅಪಘಾತದಲ್ಲಿ ತೀರಿಕೊಂಡಳು. ಪೂರ್ತಿ ನಿಷೇಧ ಕೆಲಸ ಮಾಡುತ್ತದೆ ಅಂತ ನಾನು ನಂಬಲ್ಲ, ಸೇಂದಿಯ ಕಥೆಯೇ ಅದಕ್ಕೆ ಸಾಕ್ಷಿ. ಮಡಕೆಗೆ ಪುಡಿ ಹಾಕುವವನು ಯಾವ ನಿಷೇಧಕ್ಕೂ ಕಾಯಲ್ಲ. ಆದರೆ ಆ ಹೆಂಗಸರ ಮುಂದೆ ಕೂತು ಈ ಮಾತು ಹೇಳುವಾಗ ನನ್ನ ದನಿ ಸಣ್ಣದಾಗುತ್ತದೆ. ಬೇರೆ ದಾರಿ ತೋರಿಸು ಅಂದರೆ ನನ್ನ ಹತ್ತಿರ ಇರೋದು ಒಂದು ಸಾಲು ಆಸ್ಪತ್ರೆ ವಿಳಾಸ, ಅಷ್ಟೇ.

ಬಿಟ್ಟವರು ಮತ್ತೆ ಯಾಕೆ ಶುರುಮಾಡುತ್ತಾರೆ ಅಂತ ನಿಮ್ಮ ಪ್ರಾಂಶುಪಾಲರು ಮೊದಲೇ ಕೇಳಿದ್ದರು. ಇದಕ್ಕೆ ನನಗೆ ತುಂಬಾ ಇಷ್ಟವಾದ ಒಂದು ಅಧ್ಯಯನ ಇದೆ. ವಿಯೆಟ್ನಾಂ ಯುದ್ಧದಲ್ಲಿ ಅಮೆರಿಕದ ಸೈನಿಕರಿಗೆ ಹೆರಾಯಿನ್ ಸಲೀಸಾಗಿ ಸಿಗುತ್ತಿತ್ತು. ಸುಮಾರು ಐವರಲ್ಲಿ ಒಬ್ಬ ಚಟಕ್ಕೆ ಸಿಕ್ಕಿದ್ದ. 1971ರಿಂದ ಮೂತ್ರ ಪರೀಕ್ಷೆ ಆಗದೆ ಮನೆಗೆ ಹೋಗುವ ವಿಮಾನ ಹತ್ತಿಸುತ್ತಿರಲಿಲ್ಲ. ಇವರೆಲ್ಲಾ ಊರಿಗೆ ಬಂದು ಏನು ಮಾಡಿಯಾರೋ ಅಂತ ಸರ್ಕಾರಕ್ಕೆ ದಿಗಿಲು. ಲೀ ರಾಬಿನ್ಸ್ ಎಂಬ ಸಂಶೋಧಕಿ ಅವರ ಮನೆಗಳಿಗೇ ಹೋಗಿ ಮಾತಾಡಿಸುವ ವ್ಯವಸ್ಥೆ ಮಾಡಿದಳು. ಅಲ್ಲಿ ಚಟಕ್ಕೆ ಬಿದ್ದಿದ್ದವರಲ್ಲಿ ಊರಿಗೆ ಬಂದ ಮೊದಲ ಹತ್ತು ತಿಂಗಳಲ್ಲಿ ಮತ್ತೆ ಚಟಕ್ಕೆ ಬಿದ್ದವರು 5% ಮಾತ್ರ. ಎಷ್ಟೋ ಜನ ಇದನ್ನು ನಂಬಲೇ ಇಲ್ಲ. ಜಾಗ ಬದಲಾಯಿತು, ದೋಸ್ತಿ ಬದಲಾಯಿತು, ಹೆದರಿಕೆ ಹೋಯಿತು, ಮನೆಯವರು ಕಣ್ಣೆದುರು ಇದ್ದರು.

ನಮ್ಮಲ್ಲಿ ಇದು ತಿರುವುಮುರುವು. ನಾವು ಮನುಷ್ಯನನ್ನು ದೂರದ ಕೇಂದ್ರಕ್ಕೆ ಕಳಿಸುತ್ತೇವೆ. ಅಲ್ಲಿ ತಿಂಗಳಿದ್ದು ಬಿಡುತ್ತಾನೆ. ಆಮೇಲೆ ಅದೇ ಓಣಿಗೆ, ಅದೇ ಹಮಾಲಿಗೆ, ಅದೇ ಸಂಜೆ ಆರು ಗಂಟೆಗೆ ವಾಪಸ್ ತಂದು ಬಿಡುತ್ತೇವೆ. ಮಾವನ ಕಾಲು ಕೂಡಿಕೊಂಡಿತು. ಕೊಕ್ಕೆ ಹಿಡಿದು ಮಾರ್ಕೆಟ್ಟಿಗೆ ಹೋದ ಮೊದಲ ಸಂಜೆಯೇ ತಂಬಿಗೆ ತೆಗೆದುಕೊಂಡ. ಈ ಸಲ ನನ್ನನ್ನು ಕಳಿಸಲಿಲ್ಲ, ತಾನೇ ಹೋದ. ಅಷ್ಟು ನಾಚಿಕೆ ಇತ್ತು ಅವನಿಗೆ.

ಇಷ್ಟು ಹೇಳಿ ನಾನು ಮಾತು ನಿಲ್ಲಿಸಿದೆ. ಪ್ರಶ್ನೆ ಇದೆಯಾ ಅಂದಾಗ ಯಾರೂ ಏಳಲಿಲ್ಲ. ಟೀ ಕುಡಿಯುವಾಗ ಒಬ್ಬ ಹುಡುಗ ಹತ್ತಿರ ಬಂದ. ಬಿಎ ಎರಡನೇ ವರ್ಷ, ಮಾನ್ವಿ ಕಡೆಯವನು. ಅವನ ಒಪ್ಪಿಗೆ ತೆಗೆದುಕೊಂಡೇ ಇದನ್ನು ಬರೆಯುತ್ತಿದ್ದೇನೆ.

‘ಮೇಡಂ, ನಮ್ಮಪ್ಪ ನಾಳಿಂದ ಸೇಂದಿ ಬಿಡ್ತೀನಿ ಅಂತ ದೇವರ ಮುಂದ ಆಣೆ ಮಾಡ್ಯಾನ್ರಿ. ದಿನಾ ಕುಡಿತಾನ್ರಿ, ಹದಿನೈದು ವರ್ಷ ಆತು. ಬಿಡಸ್ಲೇನ್ರಿ?’

ಒಮ್ಮೆಲೇ ಬೇಡ ಅಂದೆ. ಮೊದಲು ಡಾಕ್ಟರಿಗೆ ತೋರಿಸಬೇಕು. ಅವರು ಬೇರೆ ಮಾತ್ರೆ ಕೊಟ್ಟು ವಾರಗಟ್ಟಲೆ ಸ್ವಲ್ಪ ಸ್ವಲ್ಪ ಇಳಿಸುತ್ತಾರೆ. ಏನು ಕುಡಿಯುತ್ತಿದ್ದರು, ದಿನಕ್ಕೆ ಎಷ್ಟು ಕವರ್, ಎಲ್ಲಾ ಬಿಚ್ಚಿ ಹೇಳು. ಕೈ ನಡುಕ ಜಾಸ್ತಿಯಾದರೆ, ಇಲ್ಲದ್ದು ಕಂಡರೆ, ಫಿಟ್ಸ್ ಬಂದರೆ ರಾತ್ರಿಯಾದರೂ ಸರಿ, ಜಿಲ್ಲಾ ಆಸ್ಪತ್ರೆಗೆ ನಡೆ. ಫೋನಿನಲ್ಲಿ ಕೇಳೋದಾದರೆ ಟೆಲಿ ಮಾನಸ್ 14416, ನಶೆ ಬಿಡಿಸುವ ಸಹಾಯವಾಣಿ 14446, ಎರಡಕ್ಕೂ ದುಡ್ಡಿಲ್ಲ. (ಎರಡು ನಂಬರನ್ನು ಹೀಗೆ ಅವಳಿಜವಳಿ ಮಾಡಿದವರಿಗೆ ಕೈಮುಗಿಯಬೇಕು.) ತಾಲ್ಲೂಕು ಆಸ್ಪತ್ರೆಗಳಲ್ಲಿ ಮನೋಚೈತನ್ಯ ಅಂತ ಮಂಗಳವಾರದ ಕ್ಲಿನಿಕ್ ಇರುತ್ತದೆ, ಮನೋವೈದ್ಯರು ಬರುತ್ತಾರೆ.

‘ಯಾವ ಅಂಗಡೀದು ಅಂತ ಹೇಳಿದ್ರ ಪೊಲೀಸ್ ಬರ್ತಾರೇನ್ರಿ?’

ಡಾಕ್ಟರಿಗೆ ಅಂಗಡಿ ಹೆಸರು ಬೇಡ, ಒಳಗೆ ಏನಿತ್ತು ಅನ್ನೋದಷ್ಟೇ ಬೇಕು ಅಂದೆ. ಅವನು ಸ್ವಲ್ಪ ಹೊತ್ತು ಲೆಕ್ಕ ಹಾಕಿದ.

‘ಮಂಗಳವಾರ ಬಿತ್ತಿಗಿ ಐತ್ರಿ. ಮಳಿ ಆಗೈತಿ, ಆಳು ಸಿಗಂಗಿಲ್ಲ. ಅದರ ಮುಂದಿನ ಮಂಗಳವಾರ ಕರ್ಕೊಂಡು ಬರ್ತೀನ್ರಿ.’

ಬಿತ್ತನೆಗೆ ಇನ್ನೊಬ್ಬರನ್ನು ನೋಡು, ಇದೇ ಮಂಗಳವಾರ ಬಾ ಅಂದೆ. ನಾನೂ ಬರುತ್ತೇನೆ, ಮಾನ್ವಿ ಬಸ್ಸಿಗೆ ಬೆಳಿಗ್ಗೆ ಎಂಟಕ್ಕೆ ಹೊರಟರೆ ಆಯಿತು.

‘ಅಲ್ಲೀತನಕ ಏನ್ ಮಾಡ್ಲಿರಿ? ಆಣೆ ಮಾಡ್ಯಾನಲ್ರಿ?’

ನಾನು ಆ ಹುಡುಗನಿಗೆ, ನಿಮ್ಮಪ್ಪನಿಗೆ ಮಂಗಳವಾರದವರೆಗೆ ಕುಡಿಯಲು ಹೇಳು ಅಂದೆ. ಹಿಂದೆ ಆ ಬ್ಯಾನರ್ ಬಿಚ್ಚುತ್ತಿದ್ದರು.